ಸೇಬಿನ ರಸಾಯನ

ನಂದಿತಾಳಿಗೆ ಟೈಫಾಯ್ಡ್ ಜ್ವರ ಬಿಟ್ಟು ಹದಿನೈದು ದಿನವಾಗಿದ್ದರೂ ಊಟಕ್ಕೆ ಬಾಯಿ ತೆರೆಯುತ್ತಿರಲಿಲ್ಲ. ಐದು ವರ್ಷದ ಹುಡುಗಿ, ಜ್ವರಕ್ಕೆ ಮೊದಲು ರಾಗಿಮುದ್ದೆಯನ್ನು ಗುಳುಂ ಎನಿಸುತ್ತಿದ್ದವಳು, ಈಗ ಗಂಜಿ ಲೋಟ ಕಂಡರೆ ತುಟಿ ಬಿಗಿದು ಗೋಡೆ ಕಡೆ ತಿರುಗುತ್ತಿದ್ದಳು. ಕಾಲು ಕಡ್ಡಿಯಾಗಿದ್ದವು. ನಂಜನಗೂಡಿನ ಡಾಕ್ಟರು ಅವಳನ್ನು ತೂಕದ ಮೆಷಿನ್ ಮೇಲೆ ನಿಲ್ಲಿಸಿ, ಮುಳ್ಳು ನೋಡಿ, ಏನೂ ಹೇಳದೆ ಇಳಿಸಿದರು. ಅವರು ಏನಾದರೂ ಬೈದಿದ್ದರೆ ಮನೆಯವರಿಗೆ ಎಷ್ಟೋ ಸಮಾಧಾನವಾಗುತ್ತಿತ್ತು.

"ಖಾರ, ಎಣ್ಣೆ ಬೇಡ. ಸೇಬು ಬೇಯಿಸಿ ನುಣ್ಣಗೆ ಕಿವುಚಿ ಕೊಡಿ. ಬೇರೆ ಹಣ್ಣೂ ಸೇರಿಸಬಹುದು. ಪಾತ್ರೆ ಪಗಡ ಮಾತ್ರ ಶುದ್ಧವಾಗಿರಲಿ. ಈ ಜ್ವರ ಬರೋದೇ ಕೊಳಕಿನಿಂದ," ಎಂದರು.

ಕೊನೆಯ ಮಾತು ಕೇಳಿ ತಾಯಿ ಸರ್ವಮಂಗಳಾ ತಲೆ ತಗ್ಗಿಸಿದಳು. ಪಿಯುಸಿ ಓದಿದವಳು, ಅವಳ ಅಡುಗೆಮನೆಯಲ್ಲಿ ಕೊಳಕು!

ಇದು ತೊಂಬತ್ತೆಂಟನೇ ಇಸವಿಯ ಶ್ರಾವಣದ ಮಾತು. ಮನೆಯಲ್ಲಿದ್ದವರು ನಾಲ್ಕೇ ಜನ. ಗೊಬ್ಬರ ಮತ್ತು ಕೀಟನಾಶಕದ ಅಂಗಡಿಯಲ್ಲಿ ಕೆಲಸಕ್ಕಿದ್ದ ಶಿವರಾಜು, ಹೆಂಡತಿ ಸರ್ವಮಂಗಳಾ, ಮಗಳು ನಂದಿತಾ, ಮತ್ತೆ ಅವನ ತಾಯಿ ಪುಟ್ಟಗೌರಮ್ಮ. ಅಡುಗೆ ಅತ್ತೆಯದು, ತೊಳೆಯುವುದು ಬಳಿಯುವುದು ಸೊಸೆಯದು. ಈ ಏರ್ಪಾಟನ್ನು ಯಾರೂ ಕೂತು ಮಾಡಿದ್ದಲ್ಲ, ಮದುವೆಯಾದ ವಾರದಲ್ಲೇ ತಾನಾಗಿ ಆಗಿಹೋಗಿತ್ತು.

"ಅಸೀದ್ ತಿನ್ನೋ ಅಣ್ಣ ಬೇಯ್ಸಾದಾ? ಓದ್ದೋರ ಬುದ್ಧಿಯೇ ಬುದ್ಧಿ," ಎಂದು ಪುಟ್ಟಗೌರಮ್ಮ ಮೂಗು ಮುರಿದರೂ ಮರುದಿನವೇ ಸೇಬಿನ ಸಿಪ್ಪೆ ಹೆರೆದು ಕೂತರು.

ಮೊದಲ ದಿನ ಸ್ಟೀಲ್ ಪಾತ್ರೆಯಲ್ಲಿ ಇಟ್ಟದ್ದು ತಳ ಹತ್ತಿ ಸೀದುಹೋಯಿತು. ಮೈಸೂರಿಂದ ತರಿಸಿದ ಸೇಬು, ಮನೆಯಲ್ಲಿ ಬೇರೆ ಯಾರೂ ಒಂದು ಹೋಳೂ ಬಾಯಿಗೆ ಹಾಕಿಕೊಳ್ಳದೆ ಕೂಸಿಗೆಂದು ಎತ್ತಿಟ್ಟದ್ದು. ಅಜ್ಜಿಗೆ ಅಳುವೇ ಬಂತು. ಮಗನನ್ನು ಅಟ್ಟ ಹತ್ತಿಸಿ ತಮ್ಮ ತವರು ಕಳಲೆಯಿಂದ ಬಂದಿದ್ದ ಹಿತ್ತಾಳೆ ತಪ್ಪಲೆ ಇಳಿಸಿದರು. ದಪ್ಪ ತಳ, ಬೆಂಕಿ ಎಷ್ಟು ಕೊಟ್ಟರೂ ಸಾವಧಾನವಾಗಿ ಕಾಯುವ ಪಾತ್ರೆ. ಒಳಗೆಲ್ಲ ತವರ ಬಳಿದ ಕಲಾಯಿಯ ಬೂದುಬಣ್ಣ. ಅದರಲ್ಲಿ ಸೇಬಿನ ಜೊತೆ ಅನಾನಸ್ ಹೋಳು, ಸೀಬೆ, ಕೊನೆಗೆ ಒಂದು ರಸಬಾಳೆ, ಉಂಡೆಬೆಲ್ಲ, ಎರಡು ಏಲಕ್ಕಿ. ಮೆತ್ತಗಾದ ಮೇಲೆ ಕಡೆಗೋಲಿನಿಂದ ಕಡೆದರೆ ಜೇನಿನ ಬಣ್ಣದ ರಸಾಯನ. ಘಮ ಬೀದಿಗೆ ಹೋಗುತ್ತಿತ್ತು.

ನಂದಿತಾ ಬೆರಳು ಅದ್ದಿ ನೆಕ್ಕಿದಳು. ಆಮೇಲೆ ಬಟ್ಟಲು ಹಿಡಿದಳು.

"ಅಜ್ಜಿ ಜಾಮು!" ಎಂದಳು.

ಪುಟ್ಟಗೌರಮ್ಮ ಸೆರಗಿನಲ್ಲಿ ಕಣ್ಣೊರೆಸಿಕೊಂಡು ನಂಜುಂಡೇಶ್ವರನ ಪಟಕ್ಕೆ ಕೈ ಮುಗಿದರು. ಅಂದಿನಿಂದ ದಿನವೂ ಅದೇ. ಸಂಜೆ ಬೇಯಿಸಿ, ತಪ್ಪಲೆಯನ್ನು ನೀರಿನ ಬೇಸಿನ್ನಿನಲ್ಲಿ ತಣ್ಣಗಿಟ್ಟು, ಬೆಳಿಗ್ಗೆ ಒಂದು ಬಟ್ಟಲು, ಮಧ್ಯಾಹ್ನ ಒಂದು ಬಟ್ಟಲು.

ತಪ್ಪಲೆಯ ತಳದಲ್ಲಿ ಬೆಲ್ಲ ಅಂಟಿ ಕಲ್ಲಾಗುತ್ತಿತ್ತು. ಸರ್ವಮಂಗಳಾ ಹಿತ್ತಲಿನಲ್ಲಿ ಕುಕ್ಕರುಗಾಲಲ್ಲಿ ಕೂತು ಹುಣಸೆಹಣ್ಣು, ಬೂದಿ, ಸ್ಟೀಲ್ ನಾರು ಹಾಕಿ ಕೈ ಸೋಲುವಷ್ಟು ಉಜ್ಜುತ್ತಿದ್ದಳು. ಡಾಕ್ಟರ ಮಾತು ಕಿವಿಯಲ್ಲೇ ಇತ್ತು. ವಾರದೊಳಗೆ ತಪ್ಪಲೆ ಒಳಗೂ ಹೊರಗೂ ಫಳಫಳ ಅನ್ನತೊಡಗಿತು. ಅಲಮಾರದಲ್ಲಿ ಬೋರಲು ಹಾಕಿದ್ದನ್ನು ಪುಟ್ಟಗೌರಮ್ಮ ಪೊರೆ ಬಂದ ಕಣ್ಣಿಂದಲೇ ನೋಡಿ, "ಚಿನ್ನದಂಗ್ ಒಳೀತದೆ ಕಣವ್ವ," ಎಂದರು. ಏಳು ವರ್ಷದಲ್ಲಿ ಅತ್ತೆಯ ಬಾಯಿಂದ ಬಂದ ಎರಡನೆಯ ಹೊಗಳಿಕೆ ಅದು. ಮೊದಲನೆಯದು ಹೆರಿಗೆಯಾದಾಗ ಸಿಕ್ಕಿತ್ತು.

ಹತ್ತು ದಿನ ನಂದಿತಾ ತಿಂದಳು, ಮುಖದಲ್ಲಿ ಕಳೆ ಬಂತು. ಹನ್ನೊಂದನೆಯ ದಿನ ಬೆಳಿಗ್ಗೆ ಬಟ್ಟಲು ಮುಗಿಸಿ ಅರ್ಧ ಗಂಟೆಯಾಗಿರಲಿಲ್ಲ, ಹೊಟ್ಟೆ ಹಿಡಿದುಕೊಂಡು ಬಗ್ಗಿ ನಡುಮನೆಯಲ್ಲೇ ವಾಂತಿ ಮಾಡಿಕೊಂಡಳು.

ಮಾರನೆಯ ದಿನ ಮತ್ತೆ. ಅದರ ಮಾರನೆಯ ದಿನ ಎರಡು ಸಲ, ಕಡೆಯಲ್ಲಿ ಹಸಿರು ಹಸಿರು ನೀರು.

"ದೃಷ್ಟಿ ಆಗ್ಯದೆ. ಬೀದೀಲಿ ಕುಂಡ್ರುಸ್ಕಂಡು ಉಣ್ಣುಸ್ಬ್ಯಾಡ ಅಂದೆ, ಕೇಳ್ದ್ಯಾ?" ಎಂದು ಅಜ್ಜಿ ಉಪ್ಪು ಮೆಣಸಿನಕಾಯಿ ನಿವಾಳಿಸಿದರು. ನಿವಾಳಿಸಿ, ಕೂಸಿನ ಹೊಟ್ಟೆ ಬರಿದಾಯಿತಲ್ಲ ಎಂದು ಇನ್ನೊಂದು ಬಟ್ಟಲು ರಸಾಯನ ತಂದರು. ವಾಂತಿ ಹೆಚ್ಚಾದಷ್ಟೂ ರಸಾಯನವೂ ಹೆಚ್ಚಿತು.

ಸರ್ವಮಂಗಳಾಳ ಅನುಮಾನ ಬೇರೆ ಕಡೆಗಿತ್ತು. ಅಂಗಡಿಯಿಂದ ಬಂದ ಶಿವರಾಜು ಮಗಳನ್ನು ಎತ್ತಿಕೊಳ್ಳಲು ಬಗ್ಗಿದಾಗ ಅವಳು ನಡುವೆ ಬಂದಳು.

"ಮುಟ್ಬೇಡಿ. ನಿಮ್ಮ ಕೈ ಮೂಸಿ ನೋಡ್ಕೊಳ್ಳಿ, ಬರೀ ಔಷಧಿ ನಾತ."

"ಸೋಪಾಕಿ ಮೂರ್ ಸತಿ ತೊಳ್ದಿವ್ನಿ ಕಣೇ."

"ಆ ಔಷಧಿ ಸೋಪಿಗೆ ಹೋಗುತ್ತಾ? ಗಿಡಕ್ಕೆ ಹೊಡೆದರೆ ಹುಳ ಸಾಯುತ್ತೆ. ಮಗು ಎಷ್ಟರದು?"

ಶಿವರಾಜು ಕೈ ಹಿಂದಕ್ಕೆಳೆದುಕೊಂಡ. ಅವನಿಗೂ ಒಳಗೊಳಗೇ ಅದೇ ಭಯವಿತ್ತು. ಮರುದಿನದಿಂದ ಹಿತ್ತಲ ಬಾಗಿಲಲ್ಲಿ ಬಂದು, ಅಲ್ಲೇ ಬಟ್ಟೆ ಬಿಚ್ಚಿ, ಬಚ್ಚಲಿಗೆ ಹೋಗಿ ಮೈ ಕೆಂಪಾಗುವ ತನಕ ಉಜ್ಜಿಕೊಂಡು ಒಳಗೆ ಬರತೊಡಗಿದ. ತಟ್ಟೆ ಲೋಟ ಬೇರೆ ಮಾಡಿಕೊಂಡ. "ಅಪ್ಪಾ, ಎತ್ಕೋ" ಎಂದು ಮಗಳು ಬಂದರೆ ಎರಡು ಕೈಯನ್ನೂ ಬೆನ್ನ ಹಿಂದೆ ಇಟ್ಟುಕೊಂಡು ಹಿಂದಕ್ಕೆ ಸರಿಯುತ್ತಿದ್ದ. ಕೂಸು ಬಿಟ್ಟ ಕಣ್ಣು ಬಿಟ್ಟಂತೆ ಅವನನ್ನೇ ನೋಡುತ್ತಿತ್ತು.

ವಾಂತಿ ನಿಲ್ಲಲಿಲ್ಲ. ಡಾಕ್ಟರು ಹೊಟ್ಟೆ ಒತ್ತಿ ನೋಡಿ, "ಲಿವರ್ ಸ್ವಲ್ಪ ಊದಿದ ಹಾಗಿದೆ. ಕಾಮಾಲೆ ಇರಬಹುದು," ಎಂದು ಮಾತ್ರೆ ಬದಲಾಯಿಸಿದರು. ಕಾಮಾಲೆ ಎಂದ ಕೂಡಲೇ ಸರ್ವಮಂಗಳಾ ಮಗುವನ್ನು ಎದೆಗವಚಿಕೊಂಡಳು. ಅವಳ ಚಿಕ್ಕಪ್ಪನ ಮಗ ಕಾಮಾಲೆಯಲ್ಲೇ ಹೋಗಿದ್ದ. ಅಂದೇ ಮಧ್ಯಾಹ್ನದ ಬಸ್ಸಿಗೆ ಮಗುವನ್ನು ಹೊದಿಕೆಯಲ್ಲಿ ಸುತ್ತಿಕೊಂಡು ತವರಿಗೆ, ಟಿ. ನರಸೀಪುರಕ್ಕೆ ಹೊರಟಳು.

ಅಲ್ಲಿ ಐದೇ ದಿನ. ಇಡ್ಲಿ, ಗಂಜಿ, ಮಜ್ಜಿಗೆ ಅನ್ನ. ನಂದಿತಾ ಒಂದು ಸಲವೂ ವಾಂತಿ ಮಾಡಲಿಲ್ಲ. ಆರನೆಯ ದಿನ ಅಜ್ಜನ ಬೆಲ್ಲದ ಮಂಡಿಯಲ್ಲಿ ತಕ್ಕಡಿ ಹಿಡಿದು ಜೋತಾಡಿದಳು. ಸರ್ವಮಂಗಳಾ ಸಂತೋಷದಿಂದ ನಂಜನಗೂಡಿಗೆ ಕರೆತಂದಳು. ಅಜ್ಜಿ ಬಾಗಿಲಲ್ಲೇ ಕಾಯುತ್ತಿದ್ದರು, ಒಲೆಯ ಮೇಲೆ ಹಣ್ಣು ಬೇಯುತ್ತಿತ್ತು.

ಮೂರನೆಯ ದಿನ ಮಗು ಮತ್ತೆ ಮಲಗಿತು.

ಈ ಸಲ ಸರ್ವಮಂಗಳಾ ಅಳಲಿಲ್ಲ. ಅಡುಗೆಮನೆಯ ಹೊಸ್ತಿಲಲ್ಲಿ ನಿಂತು ಕೇಳಿದಳು.

"ಅತ್ತೆ, ನರಸೀಪುರದಲ್ಲಿ ಚೆನ್ನಾಗಿರ್ತಾಳೆ, ಇಲ್ಲಿಗೆ ಬಂದ್ರೆ ಬೀಳ್ತಾಳೆ. ಯಾಕೆ?"

"ನನ್ನೇನ್ ಕೇಳಿಯೇ? ನಾನೇನ್ ಡಾಕ್ಟ್ರಾ?"

"ನಿಮ್ಮ ಕೈಯಡುಗೆ ತಿಂದ ದಿನ ಬೀಳ್ತಾಳೆ. ಅದಕ್ಕೇ ಕೇಳ್ದೆ."

ಪುಟ್ಟಗೌರಮ್ಮನ ಕೈಲಿದ್ದ ಸೌಟು ನಿಂತಿತು. "ಏನಂದೆ? ನಾ ನನ್ ಕೂಸ್ಗೆ ಇಸ ಆಕ್ದಿನಾ? ಲೋ ಶಿವರಾಜ, ಕೇಳುಸ್ಕತಾ ಇದ್ದೀಯಾ?"

"ಮಂಗಳಾ, ಬಾಯಿ ಮುಚ್ಚು," ಎಂದು ಶಿವರಾಜು ಹೊರಗಿಂದ ಕೂಗಿದ.

"ಮುಚ್ಚಲ್ಲ. ನನ್ನ ಮಗು ಸಾಯ್ತಾ ಇದೆ. ನಿಮ್ಮ ಕೈಯೋ, ನಿಮ್ಮವ್ವನ ಕೈಯೋ ನಂಗೊತ್ತಿಲ್ಲ. ಈ ಮನೇಲಿ ಏನೋ ಇದೆ. ನಾನು ಇನ್ನು ಇಲ್ಲಿರಲ್ಲ."

ಮಗುವನ್ನೆತ್ತಿಕೊಂಡು ಹೋದಳು. ಅಂದು ಸಂಜೆ ತಾಯಿ ಮಗ ಇಬ್ಬರೇ ತಟ್ಟೆಯ ಮುಂದೆ ಕೂತರು. ಮುದ್ದೆ ಮುರಿಯುವವರಿಲ್ಲ.

"ನೀನೂ ಅಂಗೇ ಅಂದ್ಕಂಡಿದ್ದೀಯಾ ಮಗ?"

"ಇಲ್ಲ ಕಣವ್ವ."

ಹೇಳಿದ ರೀತಿಯಲ್ಲೇ ಅವನಿಗೂ ಸಂಶಯವಿದೆ ಎಂದು ತಾಯಿಗೆ ತಿಳಿಯಿತು. ಮಗ ಸುಳ್ಳು ಹೇಳುವುದನ್ನು ಅವರು ಮೂವತ್ತೈದು ವರ್ಷದಿಂದ ಕಂಡವರು.

ಮರುದಿನ ಬೆಳಿಗ್ಗೆ ಪುಟ್ಟಗೌರಮ್ಮ ಒಬ್ಬರೇ ನರಸೀಪುರದ ಬಸ್ಸು ಹತ್ತಿದರು. ತೊಡೆಯ ಮೇಲೆ ಹಿತ್ತಾಳೆ ತಪ್ಪಲೆ, ಹಿಂದಿನ ದಿನ ಮಾಡಿದ ರಸಾಯನ, ಬಾಯಿಗೆ ಬಿಳಿ ಪಂಚೆಯ ತುಂಡು ಬಿಗಿದದ್ದು. ಕಂಡಕ್ಟರು "ಅದೇನಜ್ಜೀ, ಬೀಗರ ಊಟಾನಾ?" ಎಂದು ನಗೆಯಾಡಿದ. ಅವರು ತಪ್ಪಲೆಯನ್ನು ಇನ್ನಷ್ಟು ಹತ್ತಿರಕ್ಕೆ ಎಳೆದುಕೊಂಡರು.

ಸರ್ವಮಂಗಳಾಳ ತಂದೆ ರಾಚಯ್ಯ ಜಗುಲಿಯಲ್ಲೇ ಇದ್ದರು. ಬೀಗಿತ್ತಿಯನ್ನು ಕಂಡು ಎದ್ದು ನಿಂತರು, ಆದರೆ ಒಳಗೆ ಬನ್ನಿ ಎನ್ನಲಿಲ್ಲ.

"ನೋಡವ್ವಾ, ನೀವು ದೊಡ್ಡೋರು. ತಪ್ಪು ತಿಳೀಬ್ಯಾಡಿ. ಕೂಸು ಸುಧಾರಿಸೋಗಂಟ ಇಲ್ಲೇ ಇರ್ಲಿ. ಆ ಅಣ್ಣೂ ಬ್ಯಾಡ, ಎಂಥದೂ ಬ್ಯಾಡ."

"ನಿಮ್ ಮಗಳು ನಾ ಇಸ ಆಕ್ದೆ ಅಂದ್ಲು ರಾಚಯ್ಯನೋರೆ."

"ಅಂದ್ರೆ ಅಂದವ್ಳೆ. ಎತ್ತ ಒಟ್ಟೆ ಉರೀತದೆ."

"ಅಂಗಾರೆ ನೋಡಿ." ಪುಟ್ಟಗೌರಮ್ಮ ಜಗುಲಿಯ ತುದಿಯಲ್ಲಿ ಕೂತು ಬಟ್ಟೆ ಬಿಚ್ಚಿದರು. "ನಿಮ್ ಎದುರ್ಗೇ ಎಲ್ಲಾನೂ ನಾನೇ ತಿಂತೀನಿ. ಇಸ ಇದ್ರೆ ನಾನ್ ಸಾಯ್ಲಿ."

ಸರ್ವಮಂಗಳಾ ಬಾಗಿಲಿಗೆ ಬಂದಳು. ಅವಳ ಸೆರಗು ಹಿಡಿದು ನಂದಿತಾ.

ಇಷ್ಟು ದಿನ ಮಾಡಿದ ರಸಾಯನವನ್ನು ಪುಟ್ಟಗೌರಮ್ಮ ಒಮ್ಮೆಯೂ ರುಚಿ ನೋಡಿರಲಿಲ್ಲ. ಮೊದಲ ಚಮಚ ದೇವರ ಮುಂದೆ, ಆಮೇಲಿನದೆಲ್ಲ ಕೂಸಿಗೆ. ಎಡೆ ಇಡುವ ಪದಾರ್ಥ ಎಂಜಲು ಮಾಡುವುದುಂಟೆ? ಎಡೆ ಇಟ್ಟ ಮೇಲೂ ಕೂಸಿನ ಪಾಲು ಕಿತ್ತು ತಿನ್ನಲು ಅವರಿಗೆ ಮನಸ್ಸು ಬಂದಿರಲಿಲ್ಲ. ಈಗ ಬೊಗಸೆಯಲ್ಲೇ ತೆಗೆದು ಬಾಯಿಗೆ ಹಾಕಿಕೊಂಡರು. ಒಂದು ತುತ್ತು ನುಂಗಿದರು. ಎರಡನೆಯದು ನಾಲಿಗೆಯ ಮೇಲೆಯೇ ನಿಂತಿತು.

ನಾಲಿಗೆ ಒಗರಾಯಿತು, ಅಂಚು ಚುರುಗುಟ್ಟಿತು. ಹಳೇ ಕಾಸನ್ನು ಬಾಯಲ್ಲಿಟ್ಟುಕೊಂಡರೆ ಬರುವ ರುಚಿ. ಹಿತ್ತಾಳೆಯಲ್ಲೇ ಅಡುಗೆ ಕಲಿತ ಕೈಗೆ, ಬಾಯಿಗೆ ಅದನ್ನು ಯಾರೂ ಹೇಳಿಕೊಡಬೇಕಾಗಿರಲಿಲ್ಲ. ಪುಟ್ಟಗೌರಮ್ಮ ರಸಾಯನವನ್ನು ಪಕ್ಕಕ್ಕೆ ಬಾಚಿ, ತಪ್ಪಲೆಯನ್ನು ಬಿಸಿಲಿಗೆ ಓರೆ ಮಾಡಿ, ಮುಖ ಹತ್ತಿರ ತಂದು ಒಳಗೆ ನೋಡಿದರು. ಕಲಾಯಿಯೇ ಇಲ್ಲ. ಹಳದಿ. ಹಣ್ಣು ಮುಟ್ಟಿದ ಗೆರೆಯುದ್ದಕ್ಕೂ ಹಸಿರು.

"ಕಿಲುಬು," ಎಂದರು. ಮೆಲ್ಲಗೆ, ಯಾರಿಗೂ ಅಲ್ಲ. ಆಮೇಲೆ ಬೀದಿಗೆಲ್ಲ ಕೇಳುವ ಹಾಗೆ, "ಕಿಲುಬು ಕಣ್ರವ್ವೋ! ಉಳಿ ಅನಾನಸ್ಸ ಇತ್ತಾಳೇಲಿ ಬೇಯ್ಸಿ ನಾನೇ ಕೊಟ್ನಲ್ಲೋ! ಸಿಹಿ ಅಂದ್ಕಂಡೆ, ಉಳಿ ಅನ್ನಾದೇ ಗೊತ್ತಾಗ್ನಿಲ್ಲ! ನನ್ ಕೂಸ ನಾನೇ ಕೊಂದ್ನಲ್ಲೋ ಸಿವ್ನೇ!"

ಹೇಳುತ್ತಲೇ ಜಗುಲಿಯಿಂದ ಬಗ್ಗಿ ವಾಂತಿ ಮಾಡಿದರು. ನಂದಿತಾ ಅಮ್ಮನ ಸೀರೆಯಲ್ಲಿ ಮುಖ ಮುಚ್ಚಿಕೊಂಡು ಕಿರುಚಿದಳು.

ನರಸೀಪುರದ ಲೇಡಿ ಡಾಕ್ಟರು ಎಲ್ಲ ಕೇಳಿಸಿಕೊಂಡು ಮಗುವಿನ ರಕ್ತ ತೆಗೆಸಿದರು. "ಪಾತ್ರೆಯ ತಾಮ್ರ ಹೊಟ್ಟೆಗೆ ಹೋಗಿದೆ. ನಿಲ್ಲಿಸಿದರೆ ರಕ್ತದಲ್ಲಿ ಅದರ ಅಂಶ ಇಳೀಬೇಕು. ಎರಡು ವಾರ ಬಿಟ್ಟು ಇನ್ನೊಂದು ಸಲ ರಕ್ತ ನೋಡ್ತೀನಿ. ಇಳೀದಿದ್ರೆ ಮೈಸೂರಿಗೆ ಕಳಿಸಬೇಕಾಗುತ್ತೆ."

"ಇಳೀದಿದ್ರೆ ಅಂದ್ರೆ?" ಎಂದಳು ಸರ್ವಮಂಗಳಾ.

"ಈಗಲೇ ಯಾಕಮ್ಮಾ ಆ ಮಾತು?"

ರಾಚಯ್ಯ ಬೀಗಿತ್ತಿಗೆ ಬಸ್ ಸ್ಟ್ಯಾಂಡಿನಲ್ಲೇ ಹೇಳಿಬಿಟ್ಟರು. "ಇನ್ಮ್ಯಾಕೆ ಕೂಸು ನಿಮ್ ಕೈದು ಉಣ್ಣಾದ್ ಬ್ಯಾಡ. ನಿಮ್ ಕೈ ಮುಗೀತೀನಿ."

"ಬ್ಯಾಡ. ಉಣ್ಣುಸ್ಬ್ಯಾಡಿ," ಎಂದರು ಪುಟ್ಟಗೌರಮ್ಮ. ಖಾಲಿ ತಪ್ಪಲೆ ತೊಡೆಯ ಮೇಲಿಟ್ಟುಕೊಂಡು ವಾಪಸು ಹೋದರು.

ಆ ಎರಡು ವಾರ ಎರಡು ಊರಲ್ಲೂ ಯಾರೂ ಸರಿಯಾಗಿ ಉಣ್ಣಲಿಲ್ಲ. ಸರ್ವಮಂಗಳಾ ದಿನಕ್ಕೆ ಹತ್ತು ಸಲ ಮಗಳ ಕಣ್ಣುರೆಪ್ಪೆ ಎಳೆದು ಹಳದಿಯಾಗಿದೆಯೇ ನೋಡುವಳು. ನಂದಿತಾ ತಟ್ಟೆಯ ಮುಂದೆ ಕೂತರೆ "ಇದ್ರಲ್ಲಿ ಕಿಲುಬು ಇದೆಯಾ?" ಎಂದು ಕೇಳುವಳು. ಇಲ್ಲ ಎಂದರೂ ಒಂದೊಂದು ಅಗುಳನ್ನೂ ಬೆರಳಲ್ಲಿ ತಿರುಗಿಸಿ ನೋಡುವಳು. ನಂಜನಗೂಡಿನಲ್ಲಿ ಪುಟ್ಟಗೌರಮ್ಮ ಒಲೆ ಹಚ್ಚುವುದನ್ನೇ ಬಿಟ್ಟರು. ಶಿವರಾಜು ಹೋಟೆಲಿನಿಂದ ಚಿತ್ರಾನ್ನ ಕಟ್ಟಿಸಿಕೊಂಡು ಬಂದು ಅವ್ವನ ಮುಂದೆ ಬಿಚ್ಚುವನು.

ವಾರ ಕಳೆದ ಮೇಲೆ ಅವನು ಮಗಳನ್ನು ನೋಡಲು ನರಸೀಪುರಕ್ಕೆ ಬಂದ. ಚೀಲದಲ್ಲಿ ತಪ್ಪಲೆ.

"ಅದನ್ನ ಗುಜರಿಗೆ ಹಾಕೋದು ಬಿಟ್ಟು ಇಲ್ಲಿಗೆ ಯಾಕೆ ತಂದ್ರಿ?" ಎಂದಳು ಸರ್ವಮಂಗಳಾ.

"ಎರಡು ವರ್ಸದ್ ಕೆಳ್ಗೆ ಕಲಾಯಿ ಆಕ್ಸಿ ಅಟ್ಟಕ್ಕೆ ಇಟ್ಟಿದ್ದಂತೆ ಅವ್ವ. ಆಮೇಲೆ ನಮ್ ಬೀದಿಗೆ ಕಲಾಯಿಯೋರೇ ಬಂದಿಲ್ಲ. ಅಟ್ಟದ್ ಮೇಲಿದ್ದದ್ದು ಇಷ್ಟ್ ಬೇಗ ಎಂಗ್ ಓಯ್ತು? ಇಲ್ಲಿ ಒಬ್ರು ಸಾಬ್ರು ಅವ್ರಂತೆ, ಕೇಳನ ಬಾ."

ಕಲಾಯಿ ಸಾಬರು ಮುದುಕರು, ಸಂತೆ ಬೀದಿಯ ಮೂಲೆಯಲ್ಲಿ ತಿದಿಯೊತ್ತುತ್ತ ಕೂತಿದ್ದರು. ತಪ್ಪಲೆಯನ್ನು ತಿರುಗಿಸಿ, ಒಳಗೆ ಉಗುರಿನಿಂದ ಕೆರೆದು ನೋಡಿದರು.

"ಬೆಂಕೀಲಿ ಹೋಗಿರೋ ಕಲಾಯಿ ಅಲ್ಲ ಇದು. ಉಜ್ಜಿ ತೆಗ್ದಿರೋದು. ನೋಡಿ, ಕಂಬಿ ನಾರಿನ ಗೆರೆ, ಸುತ್ತಾನೂ. ಯಾರೋ ಹೊಸಬ್ರು ಕಲಾಯೀನ ಕೊಳೆ ಅಂದ್ಕೊಂಡು ಬಹಳ ಮುತುವರ್ಜೀಲಿ ಉಜ್ಜಿದ್ದಾರೆ."

ಸರ್ವಮಂಗಳಾ ಬಗ್ಗಿ ನೋಡಿದಳು. ಸಣ್ಣ ಸಣ್ಣ ಗೆರೆಗಳು, ಒಂದರ ಪಕ್ಕ ಒಂದು, ತನ್ನ ಕೈ ತಿರುಗಿದ ರೀತಿಯಲ್ಲೇ.  ಶಿವರಾಜು ತಪ್ಪಲೆಯನ್ನೇ ನೋಡುತ್ತಿದ್ದ, ಅವಳ ಕಡೆ ತಿರುಗಲಿಲ್ಲ.

ದಾರಿಯಲ್ಲಿ ಅವಳೇ ಕೇಳಿದಳು. "ಮನೇಲಿ ಹೇಳ್ತೀರಾ?"

"ನಾನೇನೂ ಏಳಲ್ಲ. ಏಳಾದಿದ್ರೆ ನೀನೇ ಏಳು."

ಹೇಳಲಿಲ್ಲ. ರಾಚಯ್ಯ ದಿನವೂ ಊಟಕ್ಕೆ ಕೂತಾಗ "ಆ ಮುದುಕಿ ಪೆದ್ದತನಕ್ಕೆ ನಮ್ ಕೂಸು ಒಂಟೋಗ್ತಿತ್ತು" ಎನ್ನುವರು. ಸರ್ವಮಂಗಳಾ ಅವರ ತಟ್ಟೆಗೆ ಸಾರು ಬಡಿಸಿ ಒಳಗೆ ಹೋಗುವಳು. ಬಾಯಿ ತೆರೆದರೆ ಏನಾಗುತ್ತದೋ ಎಂಬ ಭಯ. ಮಗುವಿಗೆ ಏನಾದರೂ ಆದರೆ ಆಮೇಲೆ ತಾನು ಯಾವ ಮುಖದಲ್ಲಿ ಬದುಕಿರಬೇಕು ಎಂಬ ಭಯ. ಎರಡೂ ಸೇರಿ ಅವಳ ನಾಲಿಗೆ ಕಟ್ಟಿಹಾಕಿದ್ದವು.

ರಕ್ತದ ವರದಿ ಬರುವ ದಿನ ಪುಟ್ಟಗೌರಮ್ಮ ಮಗನ ಜೊತೆ ಬಂದರು. ಡಾಕ್ಟರ ಮನೆಯ ಬೆಂಚಿನ ಆ ತುದಿಯಲ್ಲಿ, ಮಗುವಿಗೆ ಕೈ ನಿಲುಕದಷ್ಟು ದೂರ ಕೂತರು. ಎರಡೂ ಕೈ ಸೆರಗಿನೊಳಗೆ. ರಾಚಯ್ಯ ಬೇರೆ ಕಡೆ ನೋಡುತ್ತಿದ್ದರು.

ಎಲ್ಲರನ್ನೂ ಒಳಗೆ ಕರೆದರು. ಡಾಕ್ಟರು ಕಾಗದ ಎರಡು ಸಲ ಓದಿದರು. 

"ಇಳಿದಿದೆ. ಪೂರ್ತಿ ಅಲ್ಲ, ಆದರೆ ಇಳಿದಿದೆ. ಗಾಬರಿ ಇಲ್ಲ."

ಶಿವರಾಜು ಗೋಡೆಗೆ ಒರಗಿದ. ಡಾಕ್ಟರು ಕನ್ನಡಕದ ಮೇಲಿಂದ ಅಜ್ಜಿಯನ್ನು ನೋಡಿದರು. "ಏನಮ್ಮಾ, ಇಷ್ಟು ವಯಸ್ಸಾಗಿದೆ, ಪಾತ್ರೆ ನೋಡಿ ಅಡುಗೆ ಮಾಡಬಾರದೇ? ಇನ್ನೊಂದು ವಾರ ತಿನ್ನಿಸಿದ್ದರೆ ಮಗು ಕೈಗೆ ಸಿಗುತ್ತಿರಲಿಲ್ಲ."

"ತಪ್ಪಾಯ್ತು ತಾಯೀ," ಎಂದು ಪುಟ್ಟಗೌರಮ್ಮ ಕೈ ಜೋಡಿಸಿದರು. "ನನ್ದೇ ತಪ್ಪು."

ಆ ಜೋಡಿಸಿದ ಕೈ ನೋಡಲು ಸರ್ವಮಂಗಳಾಳಿಂದ ಆಗಲಿಲ್ಲ.

"ಅವರದಲ್ಲ ಡಾಕ್ಟ್ರೇ. ಕಲಾಯಿ ತೆಗೆದದ್ದು ನಾನು. ಕೊಳೆ ಅಂದ್ಕೊಂಡು ದಿನಾ ನಾರು ಹಾಕಿ ಉಜ್ಜಿದೆ. ಒಂದು ವಾರದಿಂದ ಗೊತ್ತಿದೆ, ಹೇಳಲಿಲ್ಲ."

ರಾಚಯ್ಯ ಮಗಳ ಕಡೆ ತಿರುಗಿದರು. 

"ನಂಗ್ ಆವತ್ತೇ ಗೊತ್ತಾಯ್ತು ಕಣವ್ವ, ತಪ್ಪಲೆ ಬಿಸ್ಲಿಗಿಟ್ಟಾಗ," ಎಂದರು ಪುಟ್ಟಗೌರಮ್ಮ.

"ಗೊತ್ತಿದ್ದೂ ಸುಮ್ನಿದ್ರಾ ಅತ್ತೆ? ಅಷ್ಟೆಲ್ಲ ಅನ್ನಿಸ್ಕೊಂಡು?"

"ಕೂಸು ಬಾಗ್ಲಲ್ಲೇ ನಿಂತಿತ್ತಲ್ಲವ್ವ, ಎಲ್ಲ ಕೇಳುಸ್ಕಂಡು. ಅಜ್ಜಿ ಕೈಗೆ ಎದ್ರಿದ್ರೆ ಎದರ್ಕಳ್ಳಿ. ಅವ್ವನ ಕೈಗೂ ಎದ್ರಿದ್ರೆ ಅದು ಇನ್ಯಾರ ಕೈಲಿ ಉಣ್ಣಾದು?"

 ಡಾಕ್ಟರು ಮುಂದಿನ ಚೀಟಿ ಕರೆಯುವುದನ್ನು ಮರೆತರು.

ಹೊರಗೆ ಬಂದು ಎಲ್ಲರೂ ಎದುರಿನ ಹೋಟೆಲಿನಲ್ಲಿ ಕೂತರು. ಬೆಳಿಗ್ಗೆಯಿಂದ ಮಗು ಹಸಿದಿತ್ತು. ಇಡ್ಲಿ ಬಂತು. ಸರ್ವಮಂಗಳಾ ಒಂದು ಚೂರು ಮುರಿದು ಅತ್ತೆಯ ಅಂಗೈಯಲ್ಲಿಟ್ಟು, "ನೀವೇ ತಿನ್ಸಿ," ಎಂದಳು. ಪುಟ್ಟಗೌರಮ್ಮ ಹೆದರಿ ಹೆದರಿ ಕೈ ಚಾಚಿದರು. ನಂದಿತಾ ತುಟಿ ಬಿಗಿದಳು. ಸರ್ವಮಂಗಳಾ ಇನ್ನೊಂದು ಚೂರು ತಾನು ಹಿಡಿದಳು. ಅದಕ್ಕೂ ತುಟಿ ತೆರೆಯಲಿಲ್ಲ. ಒಳಗೆ ನಡೆದ ಮಾತನ್ನೆಲ್ಲ ಅದೂ ಕೇಳಿಸಿಕೊಂಡಿತ್ತು.

"ಮೊದ್ಲು ನೀನು ತಿನ್ನು," ಎಂದಳು ಅಮ್ಮನಿಗೆ.

ಸರ್ವಮಂಗಳಾ ತಿಂದಳು.

"ಅಜ್ಜೀನೂ ತಿನ್ಲಿ."

ಪುಟ್ಟಗೌರಮ್ಮ ತಿಂದರು, ನೀರು ಕುಡಿದು ಇಳಿಸಿದರು. ನಂದಿತಾ ಮೇಜಿನ ಮೇಲೆ ಗಲ್ಲ ಊರಿ ಒಬ್ಬರಾದ ಮೇಲೆ ಒಬ್ಬರ ಮುಖ ನೋಡುತ್ತ ಕಾದಳು. ಆ ಇಬ್ಬರು ಹೆಂಗಸರೂ ಮಿಸುಕದೆ, ಕಣ್ಣೂ ಮಿಟುಕಿಸದೆ ಅವಳ ಮುಂದೆ ಕೂತಿದ್ದರು. ಕಾಫಿ ಆರಿತು. ಮಾಣಿ ಎರಡು ಸಲ ಬಂದು ಹೋದ. ಬಹಳ ಹೊತ್ತಿನ ಮೇಲೆ ಮಗು ಚೂರೇ ಚೂರು ಬಾಯಿ ತೆರೆಯಿತು.